ಗಂಟೋ, ಮಗ್ಗವೋ, ತೇಪೆಯೋ: ನಿಮ್ಮ ಕಥೆಗೆ ಯಾವ ಹವೆ-ನೇಯ್ಗೆ ಹೊಂದುತ್ತದೆ?

ಕಾದಂಬರಿ ಬರೆಯುವವರಿರಲಿ, ಆಟ ರೂಪಿಸುವವರಿರಲಿ, ಹವೆ ನೇಯುವ ಮಾಂತ್ರಿಕರನ್ನು ತಮ್ಮ ಲೋಕಕ್ಕೆ ತರುವವರು ಮೊದಲು ಬರೆದುಕೊಳ್ಳುವುದು ಅವರ ಶಕ್ತಿಗಳ ಪಟ್ಟಿಯನ್ನು. ಮಳೆ ತರಿಸಬಲ್ಲರು, ಸಿಡಿಲು ಹೊಡೆಸಬಲ್ಲರು, ಬಿರುಗಾಳಿ ನಿಲ್ಲಿಸಬಲ್ಲರು. ಪಟ್ಟಿ ಬೆಳೆದಷ್ಟೂ ಕಥೆ ಸಪ್ಪೆಯಾಗುತ್ತದೆ, ಏಕೆಂದರೆ ಎಲ್ಲ ಇಕ್ಕಟ್ಟಿಗೂ ಆಕಾಶದಲ್ಲೇ ಉತ್ತರ ಸಿಕ್ಕಿಬಿಡುತ್ತದೆ. ಪದ್ಧತಿಯನ್ನು ಆರಿಸುವ ಮೊದಲು ಎರಡೇ ಪ್ರಶ್ನೆ ಸಾಕು: ಈ ಮಳೆಯ ನೀರು ಎಲ್ಲಿಂದ ಬಂತು? ಅದರ ಜತೆ ಬಿಡುಗಡೆಯಾದ ಶಾಖ ಎಲ್ಲಿಗೆ ಹೋಯಿತು? ಗಂಟು (ಹಗ್ಗದಲ್ಲಿ ಗಾಳಿ ಕಟ್ಟಿಡುವುದು), ಮಗ್ಗ (ಮೋಡ, ಮಳೆಯನ್ನು ಪೂರ್ತಿ ನೇಯುವುದು), ತೇಪೆ (ಇರುವ ಮೋಡಕ್ಕೆ ಹೊಲಿಗೆ ಹಾಕುವುದು) ಎಂಬ ಮೂರು ಪದ್ಧತಿಗಳು ಈ ಪ್ರಶ್ನೆಗಳಿಗೆ ಮೂರು ಬೇರೆ ಉತ್ತರ ಕೊಡುತ್ತವೆ. ಆಯ್ಕೆ ನಿಂತಿರುವುದು ಅಲ್ಲಿ.

ಮೊದಲು ಲೆಕ್ಕ

ಒಂದು ಚದರ ಮೀಟರ್ ನೆಲದ ಮೇಲೆ 1 ಮಿಲಿಮೀಟರ್ ಮಳೆಯೆಂದರೆ 1 ಲೀಟರ್ ನೀರು. ಒಂದು ಚದರ ಕಿಲೋಮೀಟರ್ ಮೇಲೆ 10 ಮಿಮೀ ಸುರಿದರೆ 1 ಕೋಟಿ ಲೀಟರ್, ಅಂದರೆ 10,000 ಟನ್. ಚಿಕ್ಕ ಊರೊಂದರ ಮೇಲೆ ಬೀಳುವ ಸಾಧಾರಣ ಮಳೆಯೇ ಇಷ್ಟು ತೂಗುತ್ತದೆ. ಆವಿ ನೀರಾಗುವಾಗ ಪ್ರತಿ ಕಿಲೋಗ್ರಾಮಿಗೆ ಸುಮಾರು 25 ಲಕ್ಷ ಜೂಲ್ ಗುಪ್ತೋಷ್ಣ ಹೊರಬರುತ್ತದೆ. ಒಟ್ಟು ಲೆಕ್ಕ ಹಾಕಿದರೆ ಆ ಒಂದು ಮಳೆಯ ಶಾಖ ಸುಮಾರು 70 ಲಕ್ಷ ಯೂನಿಟ್ ವಿದ್ಯುತ್ತಿಗೆ ಸಮ.

ಇದನ್ನು ಮೊದಲೇ ಹೇಳಲು ಕಾರಣವಿದೆ. ಮಾಂತ್ರಿಕ ತನ್ನ ದೇಹದ ಶಕ್ತಿಯಿಂದಲೇ ಮಳೆ ತರಿಸುತ್ತಾನೆ, ಆಮೇಲೆ ಬಸವಳಿದು ಬೀಳುತ್ತಾನೆ ಎಂಬ ನಿಯಮ ಬಹಳ ಜನಪ್ರಿಯ. ಒಬ್ಬ ಮನುಷ್ಯನ ದಿನದ ಆಹಾರ ಸುಮಾರು 2,400 ಕಿಲೋಕ್ಯಾಲೊರಿ, ಅಂದರೆ 1 ಕೋಟಿ ಜೂಲ್. ಮೇಲಿನ ಮಳೆಯ ಶಾಖ ಅಂಥ 25 ಲಕ್ಷ ಜನರ ಒಂದು ದಿನದ ಊಟಕ್ಕೆ ಸಮ. ಯಾವ ಮೈಯೂ ಇದನ್ನು ಭರಿಸಲಾರದು. ಆದ್ದರಿಂದ ಶಕ್ತಿಯನ್ನು ಕೊಡುವುದು ಹವೆಯೇ, ನೇಯುವವರು ಅದಕ್ಕೆ ದಾರಿ ತೋರಿಸುತ್ತಾರೆ ಅಷ್ಟೇ ಎಂದು ಇಟ್ಟುಕೊಳ್ಳಿ. ದಣಿವು ಇರಲಿ. ಆದರೆ ಅದು ಗಮನದ ದಣಿವಾಗಿರಲಿ, ಭಾರ ಹೊತ್ತ ದಣಿವು ಬೇಡ. ಗಮನ ತಪ್ಪಿದ ಗಳಿಗೆಯಲ್ಲಿ ಏನು ಕೆಡುತ್ತದೆ ಎಂಬುದೇ ಕಥೆಗೆ ಒದಗುವ ವಸ್ತು.

ಗಂಟು: ಗಾಳಿಗೆ ಮಾತ್ರ

ಹಗ್ಗಕ್ಕೆ ಮೂರು ಗಂಟು ಹಾಕಿ ಗಾಳಿಯನ್ನು ಕಟ್ಟಿಡುವ ನಂಬಿಕೆ ಉತ್ತರ ಯುರೋಪಿನ ನಾವಿಕರಲ್ಲಿ ಇತ್ತು. ಸ್ವೀಡನ್ನಿನ ಧರ್ಮಗುರು ಓಲಾಸ್ ಮ್ಯಾಗ್ನಸ್ 1555ರಲ್ಲೇ ಅದನ್ನು ದಾಖಲಿಸಿದ್ದಾರೆ. ಮೊದಲ ಗಂಟು ಬಿಚ್ಚಿದರೆ ಹಿತವಾದ ಗಾಳಿ, ಎರಡನೆಯದು ಬಿಚ್ಚಿದರೆ ಬಿರುಸು, ಮೂರನೆಯದು ಬಿಚ್ಚಿದರೆ ಪ್ರಳಯ. ಪದ್ಧತಿಯ ದೊಡ್ಡ ಗುಣ ಅದರ ಎಣಿಕೆ. ಓದುಗರಿಗೆ ಯಾವಾಗಲೂ ಗೊತ್ತು ಎಷ್ಟು ಉಳಿದಿದೆ ಎಂದು. ಪ್ರಯಾಣದ ಕಥೆಗೆ, ಬೆನ್ನಟ್ಟುವ ಕಥೆಗೆ, ಮೇಜಿನ ಮೇಲೆ ಆಡುವ ಆಟಕ್ಕೆ ಇದಕ್ಕಿಂತ ಅಚ್ಚುಕಟ್ಟಾದ ಪದ್ಧತಿ ಇಲ್ಲ.

ಗಂಟಿನೊಳಗೆ ಏನು ಇದೆ ಎಂಬುದನ್ನು ಮಾತ್ರ ಮೊದಲೇ ತೀರ್ಮಾನಿಸಿ. ಗಂಟೆಗೆ 20 ಕಿಲೋಮೀಟರ್ ಗಾಳಿ ಆರು ಗಂಟೆ ಬೀಸಿತು ಎಂದರೆ 120 ಕಿಲೋಮೀಟರ್ ಉದ್ದದ ಗಾಳಿ ಹಾದುಹೋಯಿತು ಎಂದರ್ಥ. ಅಷ್ಟನ್ನೂ ಹಗ್ಗದಲ್ಲಿ ತುಂಬಿಟ್ಟಿದೆ ಎಂದರೆ ಹಗ್ಗ ತಳವಿಲ್ಲದ ಚೀಲವಾಗುತ್ತದೆ, ಆಮೇಲೆ ಅದರಲ್ಲಿ ಸಮುದ್ರವನ್ನೂ ತುಂಬಬಾರದೇಕೆ ಎಂಬ ಪ್ರಶ್ನೆಗೆ ನಿಮ್ಮಲ್ಲಿ ಉತ್ತರ ಇರುವುದಿಲ್ಲ. ಗಂಟು ಹಿಡಿದಿಡುವುದು ಒತ್ತಡದ ಇಳಿಜಾರನ್ನು, ಅಂದರೆ ಒಂದು ಜಾಗಕ್ಕೂ ಇನ್ನೊಂದಕ್ಕೂ ಹವೆಯ ಒತ್ತಡದಲ್ಲಿರುವ ವ್ಯತ್ಯಾಸವನ್ನು, ಎಂದಿಟ್ಟುಕೊಂಡರೆ ಎಲ್ಲವೂ ಸರಿಹೋಗುತ್ತದೆ. ಮಧ್ಯ ಅಕ್ಷಾಂಶಗಳಲ್ಲಿ 100 ಕಿಲೋಮೀಟರಿಗೆ ಬರೀ 1 ಹೆಕ್ಟೋಪ್ಯಾಸ್ಕಲ್ ಒತ್ತಡ ಇಳಿದರೂ ನೆಲದ ಘರ್ಷಣೆ ತಾಗದ ಎತ್ತರದಲ್ಲಿ ಗಂಟೆಗೆ ಸುಮಾರು 30 ಕಿಮೀ ಗಾಳಿ ಏಳುತ್ತದೆ. ಸಮುದ್ರಮಟ್ಟದ ಒಟ್ಟು ಒತ್ತಡ 1,013 ಹೆಕ್ಟೋಪ್ಯಾಸ್ಕಲ್ ಆಸುಪಾಸು, ಅದರಲ್ಲಿ ಸಾವಿರಕ್ಕೆ ಒಂದು ಪಾಲು ಓರೆಯಾದರೆ ಸಾಕು. ಗಂಟು ಕಟ್ಟಿದ ಜಾಗದಲ್ಲಿ ಆ ಓರೆ ಇಲ್ಲವಾಗುತ್ತದೆ. ಹಾಗಾಗಿ ಗಂಟು ಮಾರುವವರ ಬಂದರಿನಲ್ಲಿ ಹಾಯಿಗಳು ಜೋತುಬಿದ್ದಿರಬೇಕು. ಆ ಬಂದರಿನ ಮೀನುಗಾರರು ಗಂಟಿನವರನ್ನು ಹೇಗೆ ಕಾಣುತ್ತಾರೆ ಎಂಬುದು ತಾನಾಗಿ ಸಿಗುವ ಉಪಕಥೆ.

ಕೆಡುವುದು ಮೂರು ಕಡೆ. ಗಾಳಿಯ ತಳ್ಳುವ ಬಲ ವೇಗದ ವರ್ಗದಂತೆ ಏರುತ್ತದೆ. ಗಂಟೆಗೆ 30 ಕಿಮೀ ಗಾಳಿ ಬೀಸುತ್ತಿರುವಾಗ ಅಷ್ಟೇ ಬಲದ ಇನ್ನೊಂದು ಗಂಟು ಬಿಚ್ಚಿ 60 ಮಾಡಿದರೆ ಹಾಯಿಕಂಬದ ಮೇಲಿನ ಹೊರೆ ನಾಲ್ಕು ಪಟ್ಟು. ಕಂಬ ಮುರಿಯುವುದು ಮೂರನೇ ಗಂಟಿನಲ್ಲಲ್ಲ, ಆತುರದ ಎರಡನೇ ಗಂಟಿನಲ್ಲಿ. ಎರಡನೆಯದು ದಿಕ್ಕು: ಅಡ್ಡಹಾಯಿಯ (ಕಂಬಕ್ಕೆ ಅಡ್ಡಲಾಗಿ ಹಾಯಿ ಕಟ್ಟಿದ) ಹಡಗು ಗಾಳಿಗೆ ಎದುರಾಗಿ ಸುಮಾರು 65 ಡಿಗ್ರಿಗಿಂತ ಹತ್ತಿರಕ್ಕೆ ಸಾಗಲಾರದು. ಕಟ್ಟಿದ ಗಾಳಿ ತನ್ನ ದಿಕ್ಕನ್ನೂ ಹೊತ್ತು ಬರುತ್ತದೆ ಎಂದು ನಿಯಮ ಮಾಡಿದರೆ, ತಪ್ಪು ಗಂಟು ಕೊಂಡವರು ತಪ್ಪು ದೇಶ ಸೇರುತ್ತಾರೆ. ಮೂರನೆಯದನ್ನು ಬಹುತೇಕರು ಮರೆಯುತ್ತಾರೆ. ಗಾಳಿ ನಿಂತ ತಕ್ಷಣ ಕಡಲು ಶಾಂತವಾಗುವುದಿಲ್ಲ. ಅಲೆ ಏಳಲು ಗಂಟೆಗಟ್ಟಲೆ ಗಾಳಿ ಬೇಕು, ತಗ್ಗಲೂ ಅಷ್ಟೇ ಕಾಲ ಬೇಕು. ಗಂಟು ಮರಳಿ ಬಿಗಿದ ಮೇಲೂ ಹಡಗು ಹೊಯ್ದಾಡುತ್ತಲೇ ಇರಲಿ, ಈಗ ಹಾಯಿಗೆ ಆಸರೆಯ ಗಾಳಿಯೂ ಇಲ್ಲ. ಬಿರುಗಾಳಿ ನಿಂತ ಮರುಗಂಟೆಯೂ ಅಪಾಯದ್ದೇ.

ಗಂಟಿನಿಂದ ಮಳೆ ತರಿಸಲು ಹೋಗಬೇಡಿ. ಗಾಳಿಗೆ ಒತ್ತಡದ ಓರೆ ಸಾಕು, ಮಳೆಗೆ ನೀರು ಬೇಕು. ಆ ಕೆಲಸ ಮಗ್ಗದ್ದು.

ಮಗ್ಗ: ಪೂರ್ತಿ ಬಟ್ಟೆ, ಪೂರ್ತಿ ಹೊಣೆ

ಮೂರರಲ್ಲಿ ಅತ್ಯಂತ ಸಮೃದ್ಧ ಪದ್ಧತಿ ಇದು, ಅತ್ಯಂತ ಸುಲಭವಾಗಿ ಕೆಡುವುದೂ ಇದೇ. ಇಲ್ಲಿ ಹಾಸು ಎಂದರೆ ನೆಲದಿಂದ ಮೇಲಕ್ಕೆ ನಿಂತ ಪದರಗಳು: ಎಷ್ಟು ಎತ್ತರದಲ್ಲಿ ಎಷ್ಟು ಉಷ್ಣತೆ, ಯಾವ ದಿಕ್ಕಿನ ಗಾಳಿ. ಹೊಕ್ಕು ಎಂದರೆ ಅಡ್ಡಕ್ಕೆ ಹರಿದು ಬರುವ ಆವಿ. ಲಾಳಿ ಎಸೆಯುವ ಮೊದಲು ಹಾಸು ಬಿಗಿಯಾಗಿರಬೇಕು ಎಂಬ ನೇಕಾರರ ನಿಯಮ ಇಲ್ಲಿಯೂ ಅಕ್ಷರಶಃ ನಡೆಯುತ್ತದೆ. ಪದರಗಳನ್ನು ಓದದೆ ಆವಿ ತಂದು ಸುರಿದರೆ ಬರೀ ಸೆಕೆ ಹುಟ್ಟುತ್ತದೆ.

ಕೆಲಸದ ಕ್ರಮ ಹೀಗಿರಲಿ. ಮೊದಲು ನೆಲದ ಹವೆಯ ಉಷ್ಣತೆಯನ್ನೂ ಇಬ್ಬನಿ ಬಿಂದುವನ್ನೂ (ತಣಿಯುವ ಹವೆಯಲ್ಲಿ ಆವಿ ಹನಿಯಾಗತೊಡಗುವ ಉಷ್ಣತೆ) ನೋಡಬೇಕು. ಎರಡರ ನಡುವಿನ ಪ್ರತಿ ಡಿಗ್ರಿ ಅಂತರಕ್ಕೆ 125 ಮೀಟರಿನಂತೆ ಮೋಡದ ಬುಡದ ಎತ್ತರ ಸಿಗುತ್ತದೆ. ಹವೆ 30 ಡಿಗ್ರಿ ಸೆಲ್ಸಿಯಸ್, ಇಬ್ಬನಿ ಬಿಂದು 22 ಇದ್ದರೆ ಬುಡ 1,000 ಮೀಟರಿನಲ್ಲಿ. ಅಷ್ಟು ಎತ್ತರದವರೆಗೆ ನೇಯುವವರೇ ಹವೆಯನ್ನು ಎತ್ತಬೇಕು, ಮೇಲೇರುವ ಹವೆ ಕಿಲೋಮೀಟರಿಗೆ 9.8 ಡಿಗ್ರಿಯಂತೆ ತಣಿಯುತ್ತದೆ. ಬುಡ ದಾಟಿ ಹನಿ ಕಟ್ಟತೊಡಗಿದ ಮೇಲೆ ಗುಪ್ತೋಷ್ಣ ಬಿಡುಗಡೆಯಾಗಿ ತಣಿಯುವ ವೇಗ ತಗ್ಗುತ್ತದೆ. ಸುತ್ತಲಿನ ಹವೆ ಅದಕ್ಕಿಂತ ತಂಪಾಗಿದ್ದರೆ ಏರುಗಾಳಿ ತಾನಾಗಿಯೇ ಮುಂದುವರಿಯುತ್ತದೆ. ಬಟ್ಟೆ ತನ್ನನ್ನು ತಾನೇ ನೇಯತೊಡಗುವ ಈ ಗಳಿಗೆಯೇ ಮಗ್ಗದ ನಾಟಕದ ಕೇಂದ್ರ. ಇಲ್ಲಿಯವರೆಗೆ ಕೈಬಿಟ್ಟರೆ ಏನೂ ಆಗದು, ಇಲ್ಲಿಂದಾಚೆ ಕೈಬಿಟ್ಟರೆ ಅದು ನಿಲ್ಲದು.

ನಂತರ ಹೊಕ್ಕು. 30 ಡಿಗ್ರಿಯಲ್ಲಿ ಒಂದು ಘನ ಮೀಟರ್ ಹವೆ ಹೆಚ್ಚೆಂದರೆ ಸುಮಾರು 30 ಗ್ರಾಂ ಆವಿ ಹಿಡಿಯುತ್ತದೆ, 20 ಡಿಗ್ರಿಯಲ್ಲಿ 17, 10 ಡಿಗ್ರಿಯಲ್ಲಿ 9 ಚಿಲ್ಲರೆ. ಪ್ರತಿ ಘನ ಮೀಟರಿನಿಂದ 10 ಗ್ರಾಂ ಹಿಂಡಿದರೂ ಒಂದು ಚದರ ಕಿಲೋಮೀಟರಿನ 10 ಮಿಮೀ ಮಳೆಗೆ ಒಂದು ಪೂರ್ತಿ ಘನ ಕಿಲೋಮೀಟರ್ ಹವೆ ಬೇಕು. ಬೆಳೆ ಉಳಿಯಲು 100 ಚದರ ಕಿಲೋಮೀಟರ್ ನೆನೆಯಬೇಕೆಂದರೆ 100 ಘನ ಕಿಲೋಮೀಟರ್. ಅದು ಯಾವ ಸಮುದ್ರದ್ದು, ಯಾವ ಕಾಡಿನದ್ದು, ಯಾರ ಊರಿನ ಮೇಲಿಂದ ಎಳೆದದ್ದು? ನಕ್ಷೆಯಲ್ಲಿ ಗೆರೆ ಎಳೆಯದೆ ಮಗ್ಗದ ದೃಶ್ಯವನ್ನು ಬರೆಯಲೇಬಾರದು ಎನ್ನುವಷ್ಟು ಇದು ಮುಖ್ಯ.

ಆಮೇಲೆ ಹನಿಗೆ ಬೀಜ. ಆವಿ ಹನಿಯಾಗಲು ಧೂಳು, ಹೊಗೆ, ಸಮುದ್ರದ ಉಪ್ಪಿನ ಕಣ ಬೇಕು. ಮೋಡದ ಹನಿಯ ಅಡ್ಡಳತೆ ಮಿಲಿಮೀಟರಿನ ನೂರರಲ್ಲಿ ಒಂದೆರಡು ಪಾಲು. 2 ಮಿಮೀ ಮಳೆಹನಿಯೊಂದಕ್ಕೆ ಅಂಥವು ಸುಮಾರು ಹತ್ತು ಲಕ್ಷ ಸೇರಬೇಕು. ಮಾಂತ್ರಿಕರು ಸೋಂಕಿಲ್ಲದ ಶುದ್ಧ ಆಕಾಶವನ್ನು ಬಯಸುತ್ತಾರೆ ಎಂದು ಬರೆಯುವ ಆಸೆ ಸಹಜ, ಆದರೆ ಅವರಿಗೆ ಬೇಕಾದದ್ದು ಸ್ವಲ್ಪ ಕೊಳೆ.

ಕೊನೆಗೆ ಇಳಿಗಾಳಿಗೆ ದಾರಿ. ಬೀಳುವ ಮಳೆ ಹವೆಯನ್ನು ತಣಿಸಿ ಕೆಳಕ್ಕೆ ಎಳೆಯುತ್ತದೆ. ಮಳೆ ನೇರವಾಗಿ ತನ್ನದೇ ಏರುಗಾಳಿಯ ಮೇಲೆ ಬಿದ್ದರೆ ಅದರ ಉಸಿರು ಕಟ್ಟುತ್ತದೆ. ಒಂಟಿ ಗುಡುಗು ಮೋಡದ ಆಯುಷ್ಯ ಅರ್ಧ ಗಂಟೆಯಿಂದ ಒಂದು ಗಂಟೆ ಮಾತ್ರ ಇರುವುದು ಇದರಿಂದಲೇ. ಹೆಚ್ಚು ಹೊತ್ತು ಸುರಿಯಬೇಕಿದ್ದರೆ ಎತ್ತರಕ್ಕೆ ಹೋದಂತೆ ಗಾಳಿಯ ವೇಗವೋ ದಿಕ್ಕೋ ಬದಲಾಗುವಂತೆ ಹಾಸನ್ನು ಓರೆಯಾಗಿ ಹೂಡಬೇಕು. ಆಗ ಮಳೆ ಒಂದು ಕಡೆ, ಏರುಗಾಳಿ ಇನ್ನೊಂದು ಕಡೆ. ಓರೆ ಅತಿಯಾದರೆ ಎಳೆಯ ಮೋಡ ಚೆದುರುತ್ತದೆ, ಅದು ತಡೆದುಕೊಂಡರೆ ಗಂಟೆಗಟ್ಟಲೆ ನಿಲ್ಲುವ ರಾಕ್ಷಸ ಮೋಡವಾಗುತ್ತದೆ.

ಕಲಿಕೆಯವರ ಕೈಯಲ್ಲಿ ಆಗುವ ಅನಾಹುತಗಳಿಗೂ ಇದೇ ಹಂತಗಳಲ್ಲಿ ಜಾಗವಿದೆ. ಏರುಗಾಳಿ ಅತಿ ಬಲವಾಗಿ ಶೂನ್ಯ ಡಿಗ್ರಿಯ ಮಟ್ಟ ದಾಟಿದರೆ, ಅಲ್ಲಿ ಹೆಪ್ಪುಗಟ್ಟದೆ ಉಳಿದ ಅತಿಶೀತ ನೀರು ಮಂಜಿನ ಕಣಕ್ಕೆ ಅಂಟುತ್ತಾ ಆಲಿಕಲ್ಲಾಗುತ್ತದೆ. ಬುಡದ ಕೆಳಗೆ ಒಣ ಪದರ ಉಳಿದಿದ್ದರೆ ಹನಿಗಳು ಗಾಳಿಯಲ್ಲೇ ಆರಿಹೋಗುತ್ತವೆ, ನೆಲಕ್ಕೆ ಬರುವುದು ತಣ್ಣನೆಯ ಗಾಳಿಯ ಹೊಡೆತ ಮಾತ್ರ. ಮಳೆಗಾಗಿ ಕಾದವರ ಮಾಡು ಹಾರಿಹೋಗಿ ನೆಲ ಒಣಗಿಯೇ ಇರುವ ದೃಶ್ಯ ಬಹಳ ಪರಿಣಾಮಕಾರಿ, ಅಷ್ಟೇ ನಿಜ ಕೂಡ.

ಇನ್ನು ಅಂಚು, ಅಂದರೆ ನೇಯ್ದ ಮಳೆಯ ಆಚೆಗಿರುವ ಊರು. ಮಗ್ಗವನ್ನು ಆರಿಸಿದವರು ಹೆಚ್ಚು ಪುಟ ಕೊಡಬೇಕಾದದ್ದು ಇದಕ್ಕೆ. ಬೆಟ್ಟವೊಂದರ ಮೇಲೆ ಹವೆ ಮೋಡದೊಳಗೇ 2 ಕಿಲೋಮೀಟರ್ ಏರಿ ತನ್ನಲ್ಲಿ ಕಟ್ಟಿದ ನೀರನ್ನೆಲ್ಲ ಸುರಿಸಿತು ಎನ್ನಿ. ಏರುವಾಗ ಕಿಲೋಮೀಟರಿಗೆ 5-6 ಡಿಗ್ರಿಯಷ್ಟೇ ತಣಿದಿತ್ತು. ಆಚೆ ಬದಿಯಲ್ಲಿ ಇಳಿಯುವಾಗ 9.8ರ ಲೆಕ್ಕದಲ್ಲಿ ಕಾಯುತ್ತದೆ. ಕೆಳಗಿನ ಊರಿಗೆ ತಲುಪುವುದು ಮೊದಲಿಗಿಂತ ಸುಮಾರು 8 ಡಿಗ್ರಿ ಹೆಚ್ಚು ಬಿಸಿಯಾದ ಒಣ ಗಾಳಿ. ಮಳೆ ನೇಯ್ದವರಿಗೆ ಹಾಡು, ಗಾಳಿಯ ಕೆಳದಿಕ್ಕಿನವರಿಗೆ ಬರ. ಆ ಕೆಳದಿಕ್ಕಿನ ಊರನ್ನು ಬರೆಯಲು ಮನಸ್ಸಿಲ್ಲದಿದ್ದರೆ ಮಗ್ಗವನ್ನು ಬಿಟ್ಟುಬಿಡಿ, ಇದು ನಮ್ಮ ಖಚಿತ ಅಭಿಪ್ರಾಯ.

ಬರೆಯುವುದಾದರೆ ನ್ಯಾಯದ ಪ್ರಶ್ನೆ ಬರುತ್ತದೆ. 1963ರಲ್ಲಿ ಹವಾಮಾನ ವಿಜ್ಞಾನಿ ಎಡ್ವರ್ಡ್ ಲೊರೆನ್ಜ್ ತೋರಿಸಿದಂತೆ ಆರಂಭದ ಅತಿ ಸಣ್ಣ ವ್ಯತ್ಯಾಸವೂ ಹವೆಯಲ್ಲಿ ಬೆಳೆಯುತ್ತಾ ಹೋಗುತ್ತದೆ. ದಿನದಿನದ ಹವಾಮಾನವನ್ನು ಮುಂಚಿತವಾಗಿ ಹೇಳುವ ಮಿತಿ ಸುಮಾರು ಎರಡು ವಾರ. ನೇಯ್ದ ಮೂರನೇ ದಿನದ ಒಣಗಾಳಿಯ ಹೊಣೆಯನ್ನು ಮಗ್ಗದ ಮೇಲೆ ಹೊರಿಸಬಹುದು, ಒಂದು ತಿಂಗಳ ನಂತರದ ಬರದ ಹೊಣೆಯನ್ನು ಯಾರೂ ಸಾಬೀತು ಮಾಡಲಾರರು, ಯಾರೂ ಅಲ್ಲಗಳೆಯಲೂ ಆರರು. ನಿಮ್ಮ ಲೋಕಕ್ಕೆ ಕಾನೂನು ಬೇಕಿದ್ದರೆ ನೈಜ ಲೋಕದ ಮಾದರಿ ಇದೆ. ಪರಿಸರವನ್ನು ಮಾರ್ಪಡಿಸಿ ಅದನ್ನು ಯುದ್ಧದ ಆಯುಧವಾಗಿ ಬಳಸುವುದನ್ನು ನಿಷೇಧಿಸುವ ಅಂತರರಾಷ್ಟ್ರೀಯ ಒಪ್ಪಂದ 1977ರಲ್ಲಿ ಸಹಿಗೆ ತೆರೆಯಿತು. ಅದು ಅಳೆಯುವುದು ಮೂರು ಗುಣಗಳನ್ನು: ವ್ಯಾಪ್ತಿ, ಬಾಳಿಕೆ, ತೀವ್ರತೆ. ವ್ಯಾಪ್ತಿಯೆಂದರೆ ಕೆಲವು ನೂರು ಚದರ ಕಿಲೋಮೀಟರ್, ಬಾಳಿಕೆಯೆಂದರೆ ತಿಂಗಳುಗಳು ಅಥವಾ ಒಂದು ಋತು ಎಂಬ ವಿವರಣೆಯೂ ಅದರ ಜತೆಗಿದೆ. ಮಗ್ಗದವರ ಸಂಘಕ್ಕೆ ನಿಯಮಾವಳಿ ಬರೆಯುವವರಿಗೆ ಇದಕ್ಕಿಂತ ಒಳ್ಳೆಯ ತಳಪಾಯ ಸಿಗದು.

ತೇಪೆ: ಸಿದ್ಧವಿದ್ದ ಆಕಾಶಕ್ಕೆ ಒಂದು ಹೊಲಿಗೆ

ಚಿಕ್ಕ ಕಥೆಗೆ, ಒಂದು ಊರಿನ ಕಥೆಗೆ ನಾವು ಸೂಚಿಸುವುದು ತೇಪೆಯನ್ನೇ. ತೇಪೆ ಹಾಕುವವರು ಮೋಡ ಹುಟ್ಟಿಸಲಾರರು. ಇರುವ ಮೋಡದಲ್ಲಿ ಎಲ್ಲಿ ಎಳೆ ಸಡಿಲವಾಗಿದೆ ಎಂದು ಕಂಡು ಅಲ್ಲೊಂದು ಹೊಲಿಗೆ ಹಾಕುತ್ತಾರೆ. ಇದಕ್ಕೆ ನೈಜ ಲೋಕದಲ್ಲೂ ಜೊತೆಯಿದೆ. 1946ರ ನವೆಂಬರಿನಲ್ಲಿ ಅಮೆರಿಕದ ವಿಜ್ಞಾನಿ ವಿನ್ಸೆಂಟ್ ಶೇಫರ್ ವಿಮಾನದಿಂದ ಒಣ ಮಂಜುಗಡ್ಡೆ (ಗಟ್ಟಿಯಾದ ಕಾರ್ಬನ್ ಡೈಆಕ್ಸೈಡ್) ಸುರಿದಾಗ ಮೋಡದಿಂದ ಹಿಮ ಉದುರಿತು. ಅದೇ ವರ್ಷ ಅವರ ಸಹೋದ್ಯೋಗಿ ಬರ್ನಾರ್ಡ್ ವಾನೆಗಟ್ ಸಿಲ್ವರ್ ಅಯೊಡೈಡಿನ ಕಣಗಳಿಗೂ ಆ ಗುಣವಿದೆ ಎಂದು ಕಂಡುಕೊಂಡರು. ಶೂನ್ಯಕ್ಕಿಂತ ತಂಪಾಗಿದ್ದರೂ ಹೆಪ್ಪುಗಟ್ಟದ ಹನಿಗಳಿಗೆ ಮಂಜಿನ ಹರಳಾಗಲು ಒಂದು ನೆಪ ಬೇಕು, ಕಣ ಆ ನೆಪವಾಗುತ್ತದೆ. ಸಿಲ್ವರ್ ಅಯೊಡೈಡ್ ಕೆಲಸ ಮಾಡುವುದು ಸುಮಾರು ಮೈನಸ್ 5 ಡಿಗ್ರಿಗಿಂತ ತಂಪಾದ ಮೋಡದಲ್ಲಿ.

ನಿಮ್ಮ ಮಾಂತ್ರಿಕರಿಗೂ ಇಂಥ ಷರತ್ತುಗಳನ್ನು ಹಾಕಿ. ಮೋಡ ಸಾಕಷ್ಟು ದಪ್ಪ ಇರಬೇಕು, ಅದರ ತುದಿ ಶೂನ್ಯ ಡಿಗ್ರಿಯ ಮಟ್ಟ ದಾಟಿರಬೇಕು, ಒಳಗೆ ಏರುಗಾಳಿ ಜೀವಂತ ಇರಬೇಕು. ಹೊಲಿಗೆ ಹಾಕಿದ ಮೇಲೆ ಅರ್ಧ ಗಂಟೆಯ ಆಸುಪಾಸು ಕಾಯಬೇಕು. ಆ ಹೊತ್ತಿನಲ್ಲಿ ಮೋಡ ಗಾಳಿಯ ಜತೆ ಸಾಗುತ್ತದೆ. ಗಂಟೆಗೆ 30 ಕಿಮೀ ವೇಗವಾದರೆ ಮಳೆ ಬೀಳುವುದು 15 ಕಿಲೋಮೀಟರ್ ಆಚೆ. ತನ್ನ ಊರಿಗೆ ಮಳೆ ಬೇಕೆಂದವರು ಗಾಳಿಯ ಮೇಲುದಿಕ್ಕಿನ ಪಕ್ಕದೂರಿಗೆ ಹೋಗಿ ಹೊಲಿಗೆ ಹಾಕಬೇಕು, ಆ ಊರಿನವರು ಒಪ್ಪಬೇಕು. ಬೀಜ ಅತಿಯಾದರೂ ಕೆಡುತ್ತದೆ: ಇರುವ ನೀರನ್ನು ಲೆಕ್ಕವಿಲ್ಲದಷ್ಟು ಹರಳುಗಳು ಹಂಚಿಕೊಂಡು ಯಾವುದೂ ಬೀಳುವಷ್ಟು ದಪ್ಪವಾಗುವುದಿಲ್ಲ.

ತೇಪೆಯ ನಿಜವಾದ ಸಂಪತ್ತು ಸಂಶಯ. ಮಳೆ ಬಂದಾಗ ಹೊಲಿಗೆಯಿಂದ ಬಂತೋ, ಹೇಗೂ ಬರುತ್ತಿತ್ತೋ? ಒಂದೇ ಮೋಡಕ್ಕೆ ಹೊಲಿಗೆ ಹಾಕಿಯೂ ಹಾಕದೆಯೂ ನೋಡಲಾಗದು. ಕೂಲಿ ಕೊಡಬೇಕೇ ಬೇಡವೇ ಎಂಬ ಪಂಚಾಯಿತಿ, ಸುಳ್ಳು ತೇಪೆಗಾರರು, ನಿಜವಾದವಳನ್ನು ನಂಬದ ಊರು, ತನ್ನ ಕೈಚಳಕದ ಬಗ್ಗೆ ತನಗೇ ಖಾತ್ರಿಯಿಲ್ಲದ ಮುದುಕಿ, ಇವೆಲ್ಲ ಈ ಒಂದು ಸಂಶಯದಿಂದ ಹುಟ್ಟುತ್ತವೆ. ಗಂಟಿನಲ್ಲಿ ಮಗ್ಗದಲ್ಲಿ ಈ ಅವಕಾಶ ಇಲ್ಲ, ಅಲ್ಲಿ ಯಾರು ಮಾಡಿದರು ಎಂಬುದು ಎಲ್ಲರಿಗೂ ಕಾಣುತ್ತದೆ.

ಋಷ್ಯಶೃಂಗ ಕಾಲಿಟ್ಟೊಡನೆ ಅಂಗದೇಶದಲ್ಲಿ ಮಳೆ ಸುರಿದದ್ದನ್ನು ಈ ಮೂರರ ಜತೆ ಸೇರಿಸಬೇಡಿ. ಅಲ್ಲಿ ಮಳೆ ಬರುವುದು ವ್ಯಕ್ತಿಯ ತಪಸ್ಸಿನಿಂದ, ಕಲಿತ ಕಸುಬಿನಿಂದಲ್ಲ. ಅದು ಸೊಗಸಾದ ಬೇರೆಯೇ ಬಗೆ. ಒಂದೇ ಕಥೆಯಲ್ಲಿ ಎರಡನ್ನೂ ಇಟ್ಟರೆ ಕಸುಬಿನ ನಿಯಮಗಳಿಗೆ ಬೆಲೆ ಉಳಿಯುವುದಿಲ್ಲ.

ಬಿಚ್ಚುವ ಕೆಲಸ

ನೇಯುವುದಕ್ಕಿಂತ ಬಿಚ್ಚುವುದು, ಅಂದರೆ ಇರುವ ಮಂಜನ್ನೋ ಮೋಡವನ್ನೋ ಚದುರಿಸುವುದು, ಸುಲಭ ಎಂದು ತೋರುತ್ತದೆ. ಬೆಳಗಿನ ನೆಲಮಂಜಿನ ಮಟ್ಟಿಗೆ ಅದು ನಿಜ. ನೆಲದ ಹವೆಯನ್ನು ಎರಡು ಮೂರು ಡಿಗ್ರಿ ಬೆಚ್ಚಗೆ ಮಾಡಿದರೆ, ಅಥವಾ ಮೇಲಿನ ಒಣ ಹವೆಯನ್ನು ಕೆಳಕ್ಕೆ ಕಲಸಿದರೆ ಸಾಕು. ಒಂದು ಘನ ಕಿಲೋಮೀಟರಿನ ಸಣ್ಣ ಬಿಳಿ ಮೋಡಕ್ಕೆ ಬಂದರೆ ಕೆಲಸ ಬೇರೆ: ಅದರಲ್ಲಿ ಸುಮಾರು 500 ಟನ್ ನೀರಿರುತ್ತದೆ, ಅದನ್ನು ಆವಿ ಮಾಡಲು ಸುಮಾರು ಮೂರೂವರೆ ಲಕ್ಷ ಯೂನಿಟ್ ಬೇಕು. ಚಂಡಮಾರುತವನ್ನು ಯಾರ ಕೈಯಲ್ಲೂ ಬಿಚ್ಚಿಸಬೇಡಿ. ಅದರ ಊಟ 26.5 ಡಿಗ್ರಿಗಿಂತ ಬೆಚ್ಚಗಿನ ಕಡಲು, ನೆಲ ಸೇರಿ ಆ ಊಟ ತಪ್ಪಿದಾಗ ಅದು ತಾನೇ ಸೊರಗುತ್ತದೆ. ಮಾಂತ್ರಿಕರು ಅದರ ದಾರಿಯನ್ನು ಸ್ವಲ್ಪ ಬಾಗಿಸಬಹುದು, ಆಗ ಅದು ಬೇರೆ ಯಾರದೋ ತೀರಕ್ಕೆ ಹೋಗುತ್ತದೆ. ಚಳಿಗಾಲದ ರಾತ್ರಿ ಮೋಡ ಬಿಚ್ಚಿದರೆ ನೆಲದ ಶಾಖ ತಡೆಯಿಲ್ಲದೆ ಆಕಾಶಕ್ಕೆ ಹೋಗಿ ಬೆಳಗಿನ ಜಾವಕ್ಕೆ ಪೈರು ಹಿಮಕ್ಕೆ ಸುಡಬಹುದು. ಹಬ್ಬಕ್ಕೆ ನಕ್ಷತ್ರ ಕಾಣಲೆಂದು ಆಕಾಶ ತೆರೆಸಿದ ಅರಸನಿಗೆ ಈ ಬೆಲೆ ತಕ್ಕದ್ದು.

ಎರಡು ಪದ್ಧತಿ ಕೂಡಿಸುವಾಗ

ಗಂಟು ಮತ್ತು ತೇಪೆ ಚೆನ್ನಾಗಿ ಹೊಂದುತ್ತವೆ. ಒಬ್ಬಳು ಮೋಡವನ್ನು ತನ್ನ ಊರಿನ ಕಡೆಗೆ ತಳ್ಳುತ್ತಾಳೆ, ಇನ್ನೊಬ್ಬಳು ಸರಿಯಾದ ಹೊತ್ತಿಗೆ ಹೊಲಿಗೆ ಹಾಕುತ್ತಾಳೆ. 15 ಕಿಲೋಮೀಟರಿನ ಆ ಲೆಕ್ಕವನ್ನು ಇಬ್ಬರೂ ಒಂದೇ ರೀತಿ ಹಾಕಿರಬೇಕು, ತಪ್ಪಿದರೆ ಮಳೆ ಊರಿನ ಆಚೆ ಬೀಳುತ್ತದೆ. ಮಗ್ಗ ಹೂಡಿದ ಕಡೆ ಗಂಟು ಬಿಚ್ಚುವುದು ಮಾತ್ರ ಕೂಡದು. ಓರೆಯಾಗಿ ಹೂಡಿದ ಹಾಸಿನೊಳಗೆ ಅಡ್ಡಗಾಳಿ ನುಗ್ಗಿದರೆ ಏರುಗಾಳಿ ಇಳಿಗಾಳಿ ಒಂದರ ಮೇಲೊಂದು ಬಿದ್ದು ಇಡೀ ಮೋಡ ಕುಸಿಯುತ್ತದೆ. ಎದುರಾಳಿಯ ಮಗ್ಗವನ್ನು ಕೆಡಿಸಲು ಒಂದೇ ಗಂಟು ಸಾಕು ಎಂಬುದು ಇದರಿಂದ ಗೊತ್ತಾಗುತ್ತದೆ. ಯುದ್ಧದ ದೃಶ್ಯ ಬರೆಯುವವರು ಕುಸಿದ ಮೋಡದ ತಣ್ಣನೆಯ ಹೊಡೆತ ಎರಡೂ ಪಡೆಗಳ ಕಡೆಗೆ ಹರಡುತ್ತದೆ ಎಂಬುದನ್ನು ನೆನಪಿಟ್ಟು ಗಂಟು ಬಿಚ್ಚುವವರನ್ನು ಎಲ್ಲಿ ನಿಲ್ಲಿಸಬೇಕೆಂದು ನಿರ್ಧರಿಸಿ.